ಹನ್ನೊಂದು ಗ್ರಾಂ

ನಿನ್ನೆ ಎದ್ದಾಗಿನಿಂದ ಹೇಳು, ಅನ್ನುತ್ತೇನೆ.
ಆಸಿಯಾತು ಸರೋವರದ ಕಡೆ ತಿರುಗುತ್ತಾಳೆ,
ನಿನ್ನೆ ಅಲ್ಲೇ ಎಲ್ಲೋ ಬಲೆಗೆ ಸಿಕ್ಕಿಕೊಂಡಿರುವಂತೆ.
ಬೆಳಿಗ್ಗೆ ಗಂಜಿ. ಮೆಕ್ಕೆಜೋಳದ್ದು, ಉಪ್ಪು ಹಾಕಿದ್ದು.
ಎಷ್ಟು?
ಇಷ್ಟು. ಅಂಗೈ ಬಾಗಿಸಿ ತೋರಿಸುತ್ತಾಳೆ.

ಅಂಗೈಯನ್ನು ನಮೂನೆಯ ಹಾಳೆ ಒಪ್ಪುವುದಿಲ್ಲ.
ಅವಳದೇ ನೀಲಿ ಬಟ್ಟಲು ತರಿಸಿ, ನನ್ನ ಚೀಲ ಬಿಚ್ಚಿ
ಅಕ್ಕಿ ಸುರಿಯುತ್ತೇನೆ: ಸಾಕಾ? ಇನ್ನೂ? ಈ ಗೀರಿನ ತನಕವಾ?
ತೂಗುತ್ತೇನೆ. ಬರೆಯುತ್ತೇನೆ.
ಮತ್ತೆ ಅಷ್ಟೂ ಅಕ್ಕಿಯನ್ನು, ಒಂದು ಕಾಳು ಚೆಲ್ಲದಂತೆ,
ಚೀಲಕ್ಕೆ ಸುರಿದುಕೊಳ್ಳುತ್ತೇನೆ.

ಬ್ವನಾಲಿ ಮಡಕೆಯ ಮಗ್ಗುಲಲ್ಲಿ ಕೂತು ನೋಡುತ್ತಾನೆ.
ಬಟ್ಟಲು ತುಂಬುತ್ತದೆ, ಬರಿದಾಗುತ್ತದೆ.
ಮಧ್ಯಾಹ್ನದ ನ್ಸಿಮಾಕ್ಕೆ ಒಮ್ಮೆ, ರಾತ್ರಿಯದಕ್ಕೆ ಒಮ್ಮೆ.

ಫೆಬ್ರವರಿ. ಹಳೆಯ ಜೋಳ ಮುಗಿದು, ಹೊಸದಿನ್ನೂ ಹಾಲುಗಾಳು.
ಒಣಗಿಸಿದ ಉಸಿಪಾ ಮೀನು ಎರಡು. "ಎರಡಲ್ಲ,
ಒಂದೂವರೆ. ತಲೆಯ ಕಡೆಯದು ಅವನ ಅಕ್ಕನಿಗೆ."
ಅರ್ಧ ಮೀನಿನಲ್ಲಿ ಸುಣ್ಣ ಎಷ್ಟು, ಸತು ಎಷ್ಟು,
ನನ್ನ ಕೋಷ್ಟಕ ಬಲ್ಲದು.
ಗೋಡೆಯ ಮಣ್ಣು ಕೆರೆದು ತಿಂದದ್ದಕ್ಕೆ ಅಲ್ಲಿ ಸಾಲಿಲ್ಲ.

ಎರಡೂವರೆ ವರ್ಷ. ತೋಳಿಗೆ ಪಟ್ಟಿ ಸುತ್ತಿದರೆ ಹಳದಿ.
ಇದ್ದಾಗ ಹೊಟ್ಟೆ ತುಂಬಾನೇ ಹಾಕ್ತೀನಿ, ಅನ್ನುತ್ತಾಳೆ,
ಮೈಗೆ ಹತ್ತೋದೇ ಇಲ್ಲ.
ಹದಿನಾಲ್ಕು ವರ್ಷ ನಾನು ಸುತ್ತಿದ್ದು
ಈ ಮಾತಿನ ಸುತ್ತಲೇ: ಕರುಳಿನ ಒಳಮೈ,
ನೂರು ಸಲ ಒಗೆದ ಟವೆಲಿನ ಹಾಗೆ ಜುಂಗು ಸವೆದು,
ಬಂದ ತುತ್ತನ್ನು ಹಿಡಿಯಲಾರದೆ ಜಾರಬಿಡುವುದು.
ನೀರು, ನೊಣ, ಕೋಳಿ ಓಡಾಡಿದ ಅಂಗಳ.
ನಮ್ಮ ಪ್ರಬಂಧ ಇಪ್ಪತ್ತೆರಡು ಪುಟ.
ಅವಳದು ಮೂರು ಪದ.

"ನಿನಗೂ ಮಗು ಇರಬೇಕಲ್ಲ, ಫೈನೆಸಿ. ನಿನ್ನೆ ಏನುಂಡಿತು?"
ಪೆನ್ನು ನಿಂತಿತು. ಮಗಳು ಝೊಂಬಾದಲ್ಲಿ, ಅಕ್ಕನ ಬಳಿ.
ಬೆಳಿಗ್ಗೆ ಬ್ರೆಡ್ಡು ಇರಬೇಕು. ಮಧ್ಯಾಹ್ನ ಶಾಲೆಯಲ್ಲಿ...
"ಇರಬೇಕು ಅಂದರೆ ಬರೆಯೋಕೆ ಬರಲ್ಲ ಅಂದಿದ್ದೆ!"
ಆಸಿಯಾತು ನಕ್ಕಳು. ನಾನೂ ನಕ್ಕೆ,
ಸ್ವಲ್ಪ ತಡವಾಗಿ.

ಸಂಜೆ ಮಂಗೋಚಿಯ ಕೋಣೆಯಲ್ಲಿ ಚೀಲ ತೂಗಿದೆ.
ದಿನವೂ ತೂಗಬೇಕು, ನಾನೇ ಮಾಡಿದ ನಿಯಮ.
ಹನ್ನೊಂದು ಗ್ರಾಂ ಕಡಿಮೆ.
ತಕ್ಕಡಿ ಒರೆಸಿ, ಬ್ಯಾಟರಿ ಬದಲಿಸಿ, ಮತ್ತೆ ಇಟ್ಟೆ.
ಹನ್ನೊಂದೇ.
ಹೊರಟಾಗ ಎಲ್ಲ ಮಕ್ಕಳೂ ಕೈ ಬೀಸಿದ್ದರು. ಅವನು ಬೀಸಲಿಲ್ಲ;
ಮುಷ್ಟಿ ಬಿಗಿದಿತ್ತು, ಒಂದು ಕೆನ್ನೆ ಉಬ್ಬಿತ್ತು.

ನಷ್ಟದ ಕಾಲಮಿನಲ್ಲಿ "ಚೆಲ್ಲಿತು" ಎಂದು ಬರೆದೆ,
ಅಕ್ಷರ ಕೊಂಚ ಸೊಟ್ಟ.
ಹಸಿ ಅಕ್ಕಿ, ಸರಿಯಾಗಿ ಅಗಿದನೋ ಇಲ್ಲವೋ.
ಮೈಗೆ ಹತ್ತಲಿ.