ಬಾಕಿ ಮುನ್ನೂರೈವತ್ತು

ಮೂರು ವರ್ಷವಾಯಿತು, ಯಾರೂ ಬರಲಿಲ್ಲ.
ಲಿಂಗರಾಜಪುರದ ಫ್ಲೈಓವರ್ ಪಕ್ಕ, ನನ್ನ ಅಂಗಡಿಯ ಅಟ್ಟದಲ್ಲಿ
ಕೆಟ್ಟ ಮಿಕ್ಸಿಗಳ ನಡುವೆ ಒಂದು ಓವನ್
ಬಾಯಿ ಮುಚ್ಚಿ ಕೂತಿತ್ತು.
ಹಿಡಿಗೆ ಕಟ್ಟಿದ ಚೀಟಿ:
ಫಿಲೋಮಿನಾ, ಕಾಕ್ಸ್‌ಟೌನ್. ಕೆಳಗಿನ ಕಾಯಿಲ್ ಸುಟ್ಟಿದೆ.
ಮುಂಗಡ ನೂರು. ಬಾಕಿ ಮುನ್ನೂರೈವತ್ತು.

ಕ್ರಿಸ್‌ಮಸ್ಸಿಗೆ ಮುಂಚೆ ಬೇಕು ಎಂದಿದ್ದಳು.
ಕೌಂಟರಿನ ಮೇಲಿಟ್ಟು
ಡಾಕ್ಟರ ಹತ್ತಿರ ಮಗು ಬಿಟ್ಟು ಹೋಗುವವಳ ಹಾಗೆ
ಅದರ ಬೆನ್ನು ಒಮ್ಮೆ ತಟ್ಟಿದ್ದಳು.
ವಾರದಲ್ಲೇ ಮುಗಿಸಿದ್ದೆ ನಾನು.
ಆಮೇಲೆ ಯಾವಾಗ ಫೋನು ಮಾಡಿದರೂ
ಈ ಸಂಖ್ಯೆ ಬಳಕೆಯಲ್ಲಿಲ್ಲ ಎಂದು ಇನ್ನೊಬ್ಬಳು
ಒಂಚೂರೂ ಬೇಸರವಿಲ್ಲದೆ ಹೇಳುತ್ತಾಳೆ.

ಆಷಾಢದಲ್ಲಿ ಅಟ್ಟದ ಶೀಟು ಹಾರಿತು.
ಸ್ಕೂಟರಿನ ಕಾಲಬಳಿ ಇಟ್ಟುಕೊಂಡು ಮನೆಗೆ ತಂದೆ.
ರಟ್ಟಿನ ಪೆಟ್ಟಿಗೆಯ ತಳದಲ್ಲಿ
ನಾಲ್ಕು ಮಡಿಕೆಯ ಹಾಳೆ, ನೀಲಿ ಶಾಯಿ,
ಎಡಕ್ಕೆ ವಾಲಿದ ಇಂಗ್ಲಿಷು.
ಬಿಂದುಶ್ರೀ ಓದಿದಳು: ಪೇರ್ ಕ್ರಿಸ್ಪ್.
ಪೇರಲವಾ? ಸೀಬೇಹಣ್ಣಾ? ಎಂದಳು ಶಶಿರೇಖಾ.
ಅಲ್ಲಮ್ಮ, ಬೇರಿಕಾಯಿ.
ಥೂ, ಆ ಕಲ್ಲಾ!

ಕಲ್ಲೇ ಸರಿ.
ರೈಲ್ವೆ ಗೇಟಿನ ತಳ್ಳುಗಾಡಿಯಲ್ಲಿ ಕಿಲೋ ಎಂಬತ್ತು, ಎಪ್ಪತ್ತಕ್ಕೆ ಬಂದ.
ಅಕ್ಕಿಯಲ್ಲಿ ಹೂತಿಡಿ ಸಾರ್, ಮೂರು ದಿನಕ್ಕೆ ಬಗ್ಗತ್ತೆ.
ಆ ಮೂರು ದಿನವೂ ಅನ್ನಕ್ಕೆ ಅಳೆಯುವಾಗ
ಪಾವಿನಿಂದ ಅವನ್ನು ಬದಿಗೆ ದಬ್ಬಿ ಬೈದಳು ಶಶಿರೇಖಾ.
ಒಂದನ್ನು ಎತ್ತಿ ಮೂಸಿದ್ದನ್ನೂ ನಾನು ನೋಡಿದೆ.

ಭಾನುವಾರ ಸಿಪ್ಪೆ ಹೆರೆದು
ನಡುವಿನ ಮರಳುಮರಳು ತೆಗೆದು ಹೆಚ್ಚಿದೆವು.
ಕಂದು ಸಕ್ಕರೆ ಎಂದಿತ್ತು; ಉಂಡೆಬೆಲ್ಲ ಜಜ್ಜಿದೆವು.
ಚಕ್ಕೆ, ಪಲಾವಿನ ಡಬ್ಬದ್ದೇ.
ಓಟ್ಸ್ ಮಾತ್ರ ಮನೆಯಲ್ಲಿತ್ತು:
ನನ್ನ ಶುಗರಿಗೆಂದು ಡಾಕ್ಟರು ಬರೆದದ್ದು, ನಾನು ಮುಟ್ಟದೆ ಉಳಿಸಿದ್ದು.
ಬೆಣ್ಣೆಯನ್ನು ಬೆರಳ ತುದಿಯಲ್ಲಿ ಉಜ್ಜಬೇಕು, ನಾದಬಾರದು —
ಎರಡು ಸಲ ಅಡಿಗೆರೆ ಎಳೆದಿದ್ದಳು ಮಹಾತಾಯಿ.
ಇಪ್ಪತ್ತೆಂಟು ವರ್ಷ ಬೆಸುಗೆ ಹಿಡಿದ ಬೆರಳು ನನ್ನದು,
ಬಿಸಿ ಯಾವುದು ತಣ್ಣಗೆ ಯಾವುದು ತಿಳಿಯುವುದಿಲ್ಲ.
ಮಗಳು ಬಟ್ಟಲು ಕಿತ್ತುಕೊಂಡಳು.

ನೂರ ಎಂಬತ್ತು ಡಿಗ್ರಿ. ನಲವತ್ತು ನಿಮಿಷ.
ಮೇಲಿನ ಕಾಯಿಲ್ ಕೆಂಪಾಯಿತು. ಕೆಳಗಿನದೂ.
ಮೊಣಕಾಲೂರಿ ಗಾಜಿನಲ್ಲಿ ನಾನು ನೋಡುತ್ತಿದ್ದದ್ದು ಹಣ್ಣನ್ನಲ್ಲ,
ನನ್ನ ಕೆಲಸವನ್ನು.

ಇಪ್ಪತ್ತಾರನೇ ನಿಮಿಷಕ್ಕೆ ಕರೆಂಟು ಹೋಯಿತು.
ಬಾಗಿಲು ತೆಗೀಬೇಡ, ಎಂದೆ.
ಫ್ಯಾನು ನಿಂತಿತು, ಪಕ್ಕದ ಮನೆಯ ಟೀವಿ ನಿಂತಿತು,
ಆಗ ಕೇಳಿಸಿತು
ಒಳಗೆ, ಕತ್ತಲಲ್ಲಿ, ಅದು ಕೊತಕೊತ ಎನ್ನುವುದು.
ವಾಸನೆ ಆಮೇಲೆ ಬಂತು.
ಹೋಳಿಗೆಯದಲ್ಲ, ಪಾಯಸದ್ದಲ್ಲ,
ಗೊತ್ತಿದ್ದ ಯಾವ ಹಬ್ಬದ್ದೂ ಅಲ್ಲ.
ಮೇಲಿನ ಮನೆಯ ನಸ್ರೀನ್ ಮೆಟ್ಟಿಲಲ್ಲೇ ನಿಂತು
ಏನ್ ಭಾಬಿ ಅದು, ಅಂದಳು.
ಯಾರಿಗೂ ತಕ್ಷಣ ಉತ್ತರ ಹೊಳೆಯಲಿಲ್ಲ.

ಹನ್ನೊಂದು ನಿಮಿಷ. ಕರೆಂಟು ಬಂತು.
ಉಳಿದದ್ದನ್ನು ಅದೇ ಮುಗಿಸಿಕೊಂಡಿತು.

ಮೇಲೆ ಗರಿಗರಿ; ಚಮಚ ಒತ್ತಿದರೆ ಚಿಟ್ ಎಂದು ಬಿರಿದು
ಕೆಳಗೆ ಬಿಸಿ ಬಿಸಿ ಮೆತ್ತಗೆ, ನಾಲಗೆ ಸುಟ್ಟುಕೊಂಡೆವು.
ಆ ಕಲ್ಲಾ ಇದು? ಎಂದಳು ಶಶಿರೇಖಾ,
ತಳದ ಪಾಕ ಕೆರೆಯುತ್ತ.
ನನಗೆ ಎರಡೇ ಚಮಚ. ಮೂರನೆಯದು ಯಾರೂ ನೋಡಲಿಲ್ಲ.

ರಾತ್ರಿ ಚೀಟಿ ಬಿಚ್ಚಿ ಲೆಕ್ಕಕ್ಕೆ ಕೂತೆ.
ಓವನ್ ಬಳಸಿದ್ದಕ್ಕೆ ಇಷ್ಟು, ಹಾಳೆಗೆ ಇಷ್ಟು,
ನಾದಬಾರದು ಎಂದದ್ದಕ್ಕೆ ಎಷ್ಟು?
ಕಳೆದು ಕಳೆದು ಸಾಕಾಗಿ
ಮುನ್ನೂರೈವತ್ತನ್ನು ಹೊಡೆದುಹಾಕಿದೆ.
ಬಾಕಿ ಎನ್ನುವುದನ್ನು ಹಾಗೇ ಬಿಟ್ಟೆ.

ಫ್ರಿಜ್ಜಿನಲ್ಲಿ ತಟ್ಟೆ ಮುಚ್ಚಿದ ಒಂದು ಬಟ್ಟಲಿದೆ.
ನಾಳೆ ಕಾಕ್ಸ್‌ಟೌನ್ ಕಡೆ
ಒಂದು ಗೀಸರಿನ ಕೆಲಸ ಇದೆ.