ಹನ್ನೊಂದನೇ ಡಬ್ಬಿ

ಸಾಸಿವಿ ಸಿಡಿಯೂ ಮೊದಲ
ನಾ ಬಾಗಲಾ ದಾಟಿರ್ತೀನಿ.
ಡೊಂಬಿವಲಿ, ಮೂರನೇ ಮಾಳಿಗಿ,
ಗ್ಯಾಲರಿ ಕಂಬಿ ಹಿಡಕೊಂಡು ಉಸಿರು ಎಣಸ್ತೀನಿ.
ಒಳಗ ಎಣ್ಣಿ ತನ್ನಷ್ಟಕ್ಕ ತಾನ ಚಟಪಟ ಅಂತೈತಿ.
ಓಡಿ ಹೋಗಿ ಕರಿಬೇವು ಒಗದು ಮತ್ತ ಹೊರಗ.
ಹಿಂಗ, ಒಂದು ಒಗ್ಗರಣಿಗೆ ನಾಕು ಸಲ.

ಹತ್ತೊಂಬತ್ತು ಡಬ್ಬಿ.
ಎಂಟೂ ನಲವತ್ತಕ್ಕ ಸೈಕಲ್ಲಿನ ಗಣಪತ ಬರ್ತಾನ,
ಅವಗ ಬಸಿರು ಗೊತ್ತಿಲ್ಲ, ಲೋಕಲ್ ಗಾಡಿ ಗೊತ್ತು.

ಏಳನೇ ವಾರ. ಯಾರಿಗೂ ಹೇಳಿಲ್ಲ,
ಮೂರು ತಿಂಗಳು ತುಂಬಲಿ ಅಂದಾಳ ಅವ್ವ, ಫೋನಿನ್ಯಾಗ.
ಇಂಗಿನ ಡಬ್ಬಿ ಮುಚ್ಚಿಟ್ರೂ ಗ್ವಾಡಿ ಆಚಿಂದ ಬಂದು ಬಡೀತೈತಿ.
ಫ್ರಿಜ್ಜು ತೆಗದ್ರ ನಿನ್ನಿ ಸಾರು ಎದ್ದು ನಿಂತು
ಹೆಸರು ಹಿಡದು ಕರೀತೈತಿ.
ಕುಕ್ಕರಿನ ಮೂರನೇ ಸೀಟಿಗೆ ಬ್ಯಾಳಿ ಬೇಯ್ತೈತಿ, ಜೋಡೀಲೆ ನಾನೂ.
ಬೆಳ್ಳುಳ್ಳಿ ವಿಷಯ ಬಿಡ್ರಿ. ಬಿಡ್ರಿ ಅಂದೆ.

ಶಿವಪುತ್ರ ಪಾಳಿ ಮುಗಿಸಿ ಬಂದು
ನಿಂಬಿಹಣ್ಣು ತಿಕ್ಕೊಂಡು ಜಳಕಾ ಮಾಡ್ತಾನ,
ಆದ್ರೂ ಹೊಸ್ತಿಲ ಹತ್ರ ಹಾಸ್ಕೊಳ್ತಾನ, ಪಾಪ.
“ವಾಸನಿ ನಿಂದಲ್ಲ,” ಅಂದೆ, “ನನ್ನ ಮೂಗಿಂದು.”
“ಎರಡೂ ಒಂದ ಆತಲ್ಲ,” ಅಂದು ಗ್ವಾಡಿ ಕಡೆ ಹೊಳ್ಳಿ ನಕ್ಕ.

ಉಪ್ಪು ನೋಡೂದು ಯಾರು?
ಬಾಜೂಮನಿ ಸುಲಭಾ ಕಾಕೂನ ಮೊಮ್ಮಗನ್ನ ಕರೀತೀನಿ,
ಶಾಲಿ ಚೀಲ ಬೆನ್ನಿಗೆ ಹಾಕ್ಕೊಂಡ ಬಾಯಿ ತೆರೀತಾನ.
“ಬರೋಬರ್,” ಅಂತಾನ. ದಿನಾ ಬರೋಬರ್.
ಆರು ವರ್ಷದ ಹುಡುಗ, ಬೆಲ್ಲದ ಆಶಾಕ್ಕ ಸುಳ್ಳು ಹೇಳ್ತಾನ.

ಮೊದಲ ನನಗ ಸಿಟ್ಟಿತ್ತು, ಹೊಳ್ಳಿ ಬಂದ ಅನ್ನದ ಮ್ಯಾಲ.
ಯಾರ ಮುಖಾನೂ ಕಂಡಿಲ್ಲ, ಬಿಟ್ಟದ್ದು ಗೊತ್ತು:
ನಾಕನೇ ಡಬ್ಬಿಗೆ ಬದನಿಕಾಯಿ ಆಗೂದಿಲ್ಲ,
ಹದಿನಾರಕ್ಕ ಮೆಂತ್ಯಾಪಲ್ಯ,
ಹನ್ನೊಂದು ಹಾಗಲಕಾಯಿ ಚೂರು ಒಂದೊಂದೂ ಆರಿಸಿ
ಮುಚ್ಚಳದಾಗ ಸಾಲಾಗಿ ಇಟ್ಟು ಕಳಸ್ತೈತಿ.
ಎಂಥ ಸೊಕ್ಕು, ಅಂತಿದ್ದೆ.
ಉಣ್ಣಾಕ ಏನು ಧಾಡಿ, ಅಂತಿದ್ದೆ.
ಈಗ ನನ್ನ ಕೈಯ ರೊಟ್ಟೀನ ನನ್ನ ಗಂಗಾಳದಾಗ
ಬೆರಳ ತುದೀಲೆ ಅತ್ತ ಸರಿಸಿ
ಒಣ ಚುರುಮುರಿ ತಿಂತ ಕುಂತೀನಿ.

ಮೊನ್ನಿ ಮಂಗಳವಾರ ಸಂಜಿಕ
ಹನ್ನೊಂದು ತೊಳದು ಬಂತು.
ಡಬ್ಬಿ ತೊಳದು ಕಳಸೂ ಮಂದಿ ಈ ಊರಾಗ ಇಲ್ಲ.
ಅಲುಗಿಸಿದ್ರ ಒಳಗ ಸಪ್ಪಳ:
ಬ್ಯಾಂಕಿನ ಚೀಟಿ ಹರದು ಕಟ್ಟಿದ ಸಣ್ಣ ಪುಡಿಕಿ,
ಅದರಾಗ ಆಮಸೂಲ, ಐದಾರು, ಕರ್ರಗ, ಇನ್ನೂ ಅಂಟಂಟು.
ಬರದದ್ದು ಏನೂ ಇಲ್ಲ. ತಿರುಗಾ ಮುರುಗಾ ನೋಡಿದೆ, ಇಲ್ಲ.

ಹತ್ತು ದಿನದಿಂದ ಬೆಳ್ಳುಳ್ಳಿ ಇಲ್ಲದ ಚಟ್ನಿ,
ಒಂದಿನ ಉಪ್ಪು ಸಮುದ್ರ, ಒಂದಿನ ಸಪ್ಪನ್ನ ನೀರು.
ಮಸ್ಜಿದ್ ಬಂದರದ ಯಾವುದೋ ಆಫೀಸಿನ್ಯಾಗ ಕುಂತ
ಒಂದು ನಾಲಿಗಿ, ಗಂಡೋ ಹೆಣ್ಣೋ ಗೊತ್ತಿಲ್ಲ,
ನನ್ನ ಅಷ್ಟೂ ಓದಿಬಿಟ್ಟೈತಿ.

ಒಂದು ದವಡಿಗೆ ಇಟಗೊಂಡೆ.
ಹುಳಿ ಮೆಲ್ಲಕ ಇಳೀತು, ಹಲ್ಲು ಚುಳ್ಳಂದ್ವು,
ಕಣ್ಣಾಗ ನೀರು. ಹುಳಿಗೇ ಇರಬೇಕು.
ಹೊಟ್ಟಿ ಸುಮ್ಮನಾತು, ಹೆಚ್ಚಂದ್ರ ಇಪ್ಪತ್ತು ನಿಮಿಷ.
ಇಪ್ಪತ್ತು ನಿಮಿಷದಾಗ ಎಂಟು ರೊಟ್ಟಿ ಬಡೀಬಹುದು.
ಬಡದೆ.

ನಾಳೆ ಹಾಗಲಕಾಯಿ ದಿನ.
ಹದಿನೆಂಟಕ್ಕ ಅದ. ಹನ್ನೊಂದಕ್ಕ ಬಟಾಟಿ ಪಲ್ಯ, ಬ್ಯಾರೆ ಬುಟ್ಟ್ಯಾಗ.
ಅದರ ಉಪ್ಪು ಹುಡುಗ ನೋಡೂದು ಬ್ಯಾಡ.
ನಾನ ನೋಡ್ತೀನಿ,
ಉಗುಳಾಕ ಬಾಜೂಕ ತಂಬಗಿ ಇಟಗೊಂಡು.