ಹಿತ್ತಲಲ್ಲಿದ್ದಾಳೆ

ಅಲಾಜಾನಿ ಕಣಿವೆಯಲ್ಲಿ ದ್ರಾಕ್ಷಿ ಕೊಯ್ದು ಮುಗಿದ ವಾರ
ನನ್ನಮ್ಮ ಮಕ್ವಾಲಾಳನ್ನು ನೋಡಲು ಗಂಡು ಬರುವುದಿತ್ತು,
ತೆಲಾವಿಯಿಂದ, ಹನ್ನೊಂದರ ಬಸ್ಸಿಗೆ.
ಕುಂಟುತ್ತಿದ್ದ ಹೇಸರಗತ್ತೆಯನ್ನು ನೋಡಲು
ದನದ ಡಾಕ್ಟರೂ ಅದೇ ಬಸ್ಸಿಗೆ.

ಮೊದಲು ಇಳಿದವನಿಗೆ ಮೀಸೆಯಿತ್ತು, ಚರ್ಮದ ಚೀಲವಿತ್ತು.
ಅಜ್ಜಿ ಪೆಲಗಿಯಾಗೆ ಅಷ್ಟು ಸಾಕು.
ಕೈಹಿಡಿದು ತಂದು ದೊಡ್ಡ ಕುರ್ಚಿಯಲ್ಲಿ ಕೂರಿಸಿ
ಅಕ್ರೋಟು ಅರೆದು ಹಾಕಿದ ಕೋಳಿ ಬಡಿಸಿದಳು.
ಹಿಂದೆ ಬಂದವ ಸಣಕಲ, ಬೂಟಿನ ತುಂಬ ಕೆಸರು.
"ನೋಡಲು ಬಂದೆ" ಅಂದ, ಬಾಗಿಲಲ್ಲೇ ಬೆವರುತ್ತ.
"ಹಿತ್ತಲಲ್ಲಿದ್ದಾಳೆ, ಹೋಗು," ಅಂದ ಅಜ್ಜ ಅನ್ಜೋರ್,
"ಹಿಂದಿನಿಂದ ಮಾತ್ರ ಹೋಗಬೇಡ."

ಒಳಗೆ ಡಾಕ್ಟರು ಮೂಳೆ ಚೀಪುತ್ತಲೇ ಕೆಲಸ ಶುರುಮಾಡಿದ.
ವಯಸ್ಸೆಷ್ಟು?
ಇಪ್ಪತ್ತೆರಡು.
ಅಬ್ಬಾ, ಅಷ್ಟಾಯಿತೇ!
ಅಜ್ಜಿ ತಕ್ಷಣ ಎರಡು ವರ್ಷ ಇಳಿಸಿದಳು.
ಹಲ್ಲು?
ಒಂದೂ ಅಲುಗಿಲ್ಲ.
ಒದೆಯುತ್ತಾಳೋ?
ಅಜ್ಜನ ಕೈಯಲ್ಲಿದ್ದದ್ದು ಕೊಂಬಿನ ಬಟ್ಟಲು,
ಖಾಲಿಯಾಗದೆ ಕೆಳಗಿಡುವಂತಿಲ್ಲ. ಪೂರ್ತಿ ಕುಡಿದು, ಯೋಚಿಸಿ,
"ತಮ್ಮನಿಗೆ ಒಮ್ಮೆ. ತಪ್ಪು ಅವನದೇ."
"ಚಿಂತೆಯಿಲ್ಲ" ಅಂದ ಡಾಕ್ಟರು, "ಇನ್ನೂ ಹತ್ತು ವರ್ಷ
ಹೊರೆ ಹೊರಿಸಬಹುದು, ಕಾಲು ಗಟ್ಟಿಯಿದ್ದರೆ."
ಇಷ್ಟು ನೇರ ಮಾತಿನ ಗಂಡು ಸಿಕ್ಕಿತಲ್ಲ ಎಂದು
ಅಜ್ಜಿ ಕಣ್ಣೊರೆಸಿಕೊಂಡಳು.

ಅಮ್ಮನಿಗೆ ಗೊತ್ತಿತ್ತು.
ಅಂಚೆಮನೆಯ ಫೋನಿನಲ್ಲಿ ಡಾಕ್ಟರನ್ನು ಕರೆದವಳೇ ಅವಳು,
ಆ ಮೂಗುದನಿ ಮರೆಯುವಂಥದ್ದಲ್ಲ.
ಆದರೂ ಪಾತ್ರೆ ಒರೆಸುವ ಬಟ್ಟೆಯನ್ನು ಬಾಯಿಗೆ ತುರುಕಿಕೊಂಡು
ಬಕೆಟ್ಟು ಎತ್ತಿ ಹಿತ್ತಲಿಗೆ ನಡೆದಳು.

ಅಲ್ಲಿ ಸಣಕಲ, ಕೋಟು ಬಿಚ್ಚಿ ಬೇಲಿಗೆ ಹಾಕಿ,
ಹೇಸರಗತ್ತೆಯ ಕಾಲು ತೊಡೆಯ ಮೇಲಿಟ್ಟುಕೊಂಡು,
ಗಡಿಯಾರ ರಿಪೇರಿಯ ಚಿಮಟದಿಂದ
ಗೊರಸಿನ ಕಲ್ಲು ಮೀಟುತ್ತಿದ್ದ.
ಜನ್ಮದಲ್ಲಿ ಕೋಳಿಯನ್ನೂ ಮುಟ್ಟಿದವನಲ್ಲ.
ಹಳ್ಳಿಯವರು ಹೀಗೇ ಪರೀಕ್ಷೆ ಮಾಡುತ್ತಾರೆ ಅಂದುಕೊಂಡಿದ್ದನಂತೆ.
"ಇವಳನ್ನು ನೋಡಿದ್ದಾಯಿತು," ಅಂದ ತಲೆಯೆತ್ತದೆ,
"ಇನ್ನು ಯಾರನ್ನು ನೋಡಬೇಕು?"
ಅಮ್ಮ ಬಕೆಟ್ಟು ಕೆಳಗಿಟ್ಟಳು.
"ನನ್ನನ್ನು."

ಅಜ್ಜಿ ಸಾಯುವವರೆಗೂ ಡಾಕ್ಟರನ್ನೇ ಅಳಿಯ ಅಂದಳು,
ಅಪ್ಪನಿಗೆ "ಏ ಹುಡುಗಾ, ನೀರು ತಾ."
ಇವತ್ತಿಗೂ ಕೊಯ್ಲು ಮುಗಿದ ಮೇಲೆ ಬರುತ್ತಾನೆ ಡಾಕ್ಟರು,
ಮೀಸೆ ನರೆತಿದೆ, ಕೂರುವುದು ಅದೇ ಕುರ್ಚಿ.
ಮೂರನೇ ಕೊಂಬು ಮುಗಿದಾಗ ಅಪ್ಪನತ್ತ ಬಾಗಿ,
ಒದೆಯುತ್ತಾಳೋ, ಅನ್ನುತ್ತಾನೆ.
ಅಪ್ಪ ಅಡುಗೆಮನೆಯ ಕಡೆ ನೋಡುತ್ತಾನೆ.
"ಹಿಂದಿನಿಂದ ಹೋಗಬಾರದು, ಅಷ್ಟೆ."